ಸಭೆಯ ವರ್ಷವೂ ಎರೆಹೊಲದ ವರ್ಷವೂ

ಪ್ರಾರ್ಥನಾ ಪುಸ್ತಕವನ್ನು ಕೈಗೆತ್ತಿಕೊಳ್ಳುವವರಲ್ಲಿ ಅದರ ಮೊದಲ ಪುಟಗಳನ್ನು ಓದುವವರು ವಿರಳ. ಆರಾಧನಾ ಕ್ರಮ ಎಲ್ಲಿದೆಯೋ ಅಲ್ಲಿಗೆ ಬೆರಳು ನೇರವಾಗಿ ಹೋಗುತ್ತದೆ. ಅದಕ್ಕೂ ಮುಂಚೆ ಬರುವ ತಿಂಗಳುವಾರು ಪಟ್ಟಿ, ಹಬ್ಬಗಳ ಕೋಷ್ಟಕ, ಉಪವಾಸದ ದಿನಗಳ ವಿವರ ಇವೆಲ್ಲ ಸಭಾಪಾಲಕರ ಲೆಕ್ಕಾಚಾರಕ್ಕೆ ಸೇರಿದ ಸಂಗತಿಗಳೆಂಬ ಭಾವನೆ ನಮ್ಮಲ್ಲಿ ಬೇರೂರಿದೆ. ಆದರೆ 1662ರ ಆಂಗ್ಲಿಕನ್ ಸಾಮಾನ್ಯ ಪ್ರಾರ್ಥನೆಯ ಪುಸ್ತಕದ ಈ ಮೊದಲ ಪುಟಗಳು ಬರಿಯ ಪಟ್ಟಿಯಲ್ಲ. ಕರ್ತನಾದ ಯೇಸು ಕ್ರಿಸ್ತನ ಜೀವನದ ಸುತ್ತ ಒಂದು ವರ್ಷವನ್ನು ಹೆಣೆದಿಟ್ಟ ಕೃತಿ ಅದು. ಅದಕ್ಕೆ ಆರಂಭವುಂಟು, ಏರಿಳಿತವುಂಟು, ದೀರ್ಘವಾದ ಮೌನವೂ ಉಂಟು. ಕೃತಿಯೆಂದ ಮೇಲೆ ಅದನ್ನು ಓದಿ ತೂಗಿ ನೋಡುವ ಹಕ್ಕು ಸಭೆಯ ಪ್ರತಿಯೊಂದು ಕುಟುಂಬಕ್ಕೂ ಇದೆ. ಈ ಲೇಖನದಲ್ಲಿ ಅಂಥ ಒಂದು ವಿಮರ್ಶೆಯನ್ನು ಮಾಡುವ ಉದ್ದೇಶವಿದೆ. ಅದಕ್ಕೆ ಅಳತೆಗೋಲಾಗಿ ನಾವು ಇಟ್ಟುಕೊಂಡಿರುವುದು ಅಥಣಿ ತಾಲೂಕಿನ ಕೊಕಟನೂರಿನ ಸುತ್ತಲಿನ ಎರೆಹೊಲ. ಕಾಲವನ್ನು ಕುರಿತ ಕೃತಿಯನ್ನು ಮಳೆಯಿಂದಲೇ ಕಾಲವನ್ನು ಅಳೆಯುವ ನೆಲದಲ್ಲಿಟ್ಟು ಪರೀಕ್ಷಿಸುವುದು ನ್ಯಾಯವೆಂದು ತೋರುತ್ತದೆ.

ನಮ್ಮ ಗಡಿಭಾಗದ ಕ್ರೈಸ್ತ ಮನೆಗಳಲ್ಲಿ ಗೋಡೆಯ ಮೇಲೆ ಎರಡು ಕ್ಯಾಲೆಂಡರುಗಳು ತೂಗುವುದುಂಟು. ಒಂದು ಸಭೆಯದು; ಪ್ರತಿ ರವಿವಾರದ ಹೆಸರು, ಅಂದಿನ ವಾಕ್ಯಭಾಗಗಳು ಅದರಲ್ಲಿರುತ್ತವೆ. ಇನ್ನೊಂದು ಕಾಲನಿರ್ಣಯವೋ ಅಂಥದೇ ಮತ್ತೊಂದೋ. ಹುಣ್ಣಿಮೆ ಅಮಾವಾಸ್ಯೆಗಳು, ಮಳೆ ನಕ್ಷತ್ರಗಳು, ಊರ ಜಾತ್ರೆ, ಅಂಚಿನಲ್ಲಿ ಪೆನ್ಸಿಲಿನಿಂದ ಬರೆದ ಹಾಲಿನ ಲೆಕ್ಕ ಅದರಲ್ಲಿರುತ್ತವೆ. ಮೊದಲನೆಯದನ್ನು ವಾರಕ್ಕೊಮ್ಮೆ ನೋಡುತ್ತೇವೆ, ಎರಡನೆಯದನ್ನು ದಿನವೂ ನೋಡುತ್ತೇವೆ. ಎರಡನೆಯದರಲ್ಲಿ ಜೀವನ ನಡೆಯುತ್ತದೆ, ಮೊದಲನೆಯದರಲ್ಲಿ ಆರಾಧನೆ ನಡೆಯುತ್ತದೆ. ಒಂದೇ ಗೋಡೆಯ ಈ ಎರಡು ವರ್ಷಗಳು ಪರಸ್ಪರ ಮಾತಾಡದೆ ಉಳಿದದ್ದು ಏಕೆ? ದೋಷ ಸಭೆಯ ವರ್ಷದ್ದೋ, ಅದನ್ನು ನಾವು ಸ್ವೀಕರಿಸಿದ ರೀತಿಯದ್ದೋ?

ಮೊದಲು ಪುಸ್ತಕ ಹೇಳುವುದನ್ನು ನೋಡೋಣ. ನವೆಂಬರ್ 30ರ ಅಪೊಸ್ತಲನಾದ ಅಂದ್ರೆಯನ ದಿನಕ್ಕೆ ಅತ್ಯಂತ ಸಮೀಪದ ರವಿವಾರದಿಂದ ವರ್ಷ ಆರಂಭವಾಗುತ್ತದೆ. ಆಗಮನ ಕಾಲ, ಕ್ರಿಸ್ಮಸ್, ಜನವರಿ 6ರ ಪ್ರಕಟಣೆಯ ಹಬ್ಬ, ಬೂದಿ ಬುಧವಾರದಿಂದ ನಲವತ್ತು ದಿನಗಳ ಲೆಂಟ್, ಗರಿಗಳ ರವಿವಾರ, ಶುಭ ಶುಕ್ರವಾರ, ಪುನರುತ್ಥಾನ, ಸ್ವರ್ಗಾರೋಹಣ, ಪಂಚಾಶತ್ತಮ, ತ್ರಯೈಕ್ಯ ರವಿವಾರ ಹೀಗೆ ಅರ್ಧ ವರ್ಷ ಸಾಗಿದ ಮೇಲೆ ಉಳಿದರ್ಧ ವರ್ಷ ಹೆಚ್ಚಿನ ಸಡಗರವಿಲ್ಲದ ರವಿವಾರಗಳ ಸಾಲು. ಅಪೊಸ್ತಲರ ಮತ್ತು ಸುವಾರ್ತಿಕರ ದಿನಗಳು ವರ್ಷವಿಡೀ ಹರಡಿಕೊಂಡಿವೆ. ಇಷ್ಟು ನಮಗೆ ಪರಿಚಿತ. ಪರಿಚಿತವಲ್ಲದ ಭಾಗ ಮುಂದಿನ ಪುಟದಲ್ಲಿದೆ. ಅಲ್ಲಿ ಉಪವಾಸದ ದಿನಗಳ ಪಟ್ಟಿಯಿದೆ: ಲೆಂಟಿನ ನಲವತ್ತು ದಿನ, ನಾಲ್ಕು ಋತುಗಳಲ್ಲಿ ಬರುವ ಎಂಬರ್ ದಿನಗಳು, ಸ್ವರ್ಗಾರೋಹಣದ ಗುರುವಾರಕ್ಕೆ ಮುಂಚಿನ ಸೋಮವಾರ, ಮಂಗಳವಾರ, ಬುಧವಾರ, ಕ್ರಿಸ್ಮಸ್ ಬಿದ್ದ ಶುಕ್ರವಾರವೊಂದನ್ನು ಬಿಟ್ಟು ವರ್ಷದ ಎಲ್ಲ ಶುಕ್ರವಾರಗಳು. ಇದಲ್ಲದೆ ಅನೇಕ ಹಬ್ಬಗಳ ಹಿಂದಿನ ದಿನದ ಜಾಗರಣೆ. ರವಿವಾರಗಳನ್ನು ಬಿಟ್ಟು ಎಣಿಸಿದರೆ ಈ ಪುಸ್ತಕದಲ್ಲಿ ಹಬ್ಬಕ್ಕಿಂತ ಉಪವಾಸದ ದಿನಗಳೇ ಬಹಳ ಹೆಚ್ಚು. ನಮ್ಮ ಕೈಗೆ ಬಂದು ತಲುಪಿದ್ದು ಮಾತ್ರ ಹಬ್ಬಗಳು.

ಈ ಪಟ್ಟಿ ಕಲ್ಲಿನಲ್ಲಿ ಕೆತ್ತಿದ್ದಲ್ಲ ಎಂಬುದನ್ನೂ ಇಲ್ಲಿಯೇ ಹೇಳಬೇಕು. ಅದರಲ್ಲಿ ಇಂಗ್ಲೆಂಡಿನ ರಾಜಕಾರಣವೂ ಸೇರಿಕೊಂಡಿತ್ತು. ಒಂದನೆಯ ಚಾರ್ಲ್ಸ್ ದೊರೆಯ ಶಿರಚ್ಛೇದನದ ದಿನ, ಎರಡನೆಯ ಚಾರ್ಲ್ಸ್ ಮರಳಿ ಬಂದ ದಿನ, ಪಾರ್ಲಿಮೆಂಟನ್ನು ಸಿಡಿಸುವ ಸಂಚು ಬಯಲಾದ ನವೆಂಬರ್ 5 ಇವುಗಳಿಗೆಲ್ಲ ವಿಶೇಷ ಆರಾಧನೆಗಳಿದ್ದವು. 1859ರಲ್ಲಿ ಅವನ್ನು ತೆಗೆದುಹಾಕಿದರು. ಅದರಿಂದ ಯಾರ ನಂಬಿಕೆಗೂ ಕುಂದು ಬರಲಿಲ್ಲ. ಒಂದು ದೇಶಕ್ಕೆ ಸಲ್ಲದ್ದನ್ನು ಆ ದೇಶವೇ ಕೈಬಿಡಬಹುದಾದರೆ, ಇನ್ನೊಂದು ದೇಶಕ್ಕೆ ಸಲ್ಲುವುದನ್ನು ಆ ದೇಶ ಎತ್ತಿ ಹಿಡಿಯಬಹುದಲ್ಲವೆ?

ದಿನಗಳನ್ನು ಆಚರಿಸುವುದೇ ತಪ್ಪೆನ್ನುವವರು ನಮ್ಮ ನಡುವೆ ಇದ್ದಾರೆ. ಅವರ ಮಾತನ್ನು ಹಗುರವಾಗಿ ತೆಗೆದುಕೊಳ್ಳುವಂತಿಲ್ಲ. ಗಲಾತ್ಯದವರಿಗೆ ಬರೆದ ಪತ್ರಿಕೆಯ ನಾಲ್ಕನೆಯ ಅಧ್ಯಾಯದಲ್ಲಿ ಪೌಲನು ದಿನ, ತಿಂಗಳು, ಕಾಲಗಳನ್ನು ಎಚ್ಚರದಿಂದ ಎಣಿಸಿ ಆಚರಿಸುವವರನ್ನು ಕಂಡು ತನ್ನ ಪ್ರಯಾಸ ವ್ಯರ್ಥವಾಯಿತೋ ಎಂದು ಅಂಜುತ್ತಾನೆ. ಆದರೆ ಅದೇ ಪೌಲನು ರೋಮಾಪುರದವರಿಗೆ ಬರೆಯುವಾಗ ದಿನವನ್ನು ಗೌರವಿಸುವವನು ಕರ್ತನಿಗಾಗಿಯೇ ಗೌರವಿಸುತ್ತಾನೆಂದು ಹೇಳಿ ತೀರ್ಪಿಗೆ ಅವಸರಿಸಬಾರದೆನ್ನುತ್ತಾನೆ. ನಮ್ಮ ಭಾಗದಲ್ಲಿ ಈ ಅನುಮಾನಕ್ಕೆ ಚಾರಿತ್ರಿಕ ಕಾರಣವೂ ಇದೆ. ಬೆಳಗಾವಿಯಲ್ಲಿ 1820ರಲ್ಲಿ ಕೆಲಸ ಆರಂಭಿಸಿದ್ದು ಲಂಡನ್ ಮಿಷನ್. ವರ್ಷದ ಹಬ್ಬಗಳಿಗೆ ಹೆಚ್ಚಿನ ಬೆಲೆ ಕೊಡದ ಪರಂಪರೆ ಅದು. 1904ರಲ್ಲಿ ಆ ಕ್ಷೇತ್ರ ಅಮೆರಿಕದ ಮೆಥಡಿಸ್ಟರ ಕೈಗೆ ಬಂತು. ಮೆಥಡಿಸ್ಟರ ಮೂಲಪುರುಷ ಜಾನ್ ವೆಸ್ಲಿ ಕೊನೆಯವರೆಗೂ ಆಂಗ್ಲಿಕನ್ ಪಾಲಕನೇ ಆಗಿದ್ದವನು. ಆದರೂ 1784ರಲ್ಲಿ ಅಮೆರಿಕದ ಸಭೆಗಳಿಗಾಗಿ ಪ್ರಾರ್ಥನಾ ಪುಸ್ತಕವನ್ನು ಸಂಕ್ಷೇಪಿಸುವಾಗ, ಸದ್ಯ ಇವುಗಳಿಂದ ಹೇಳಿಕೊಳ್ಳುವಂಥ ಪ್ರಯೋಜನವಿಲ್ಲವೆಂದು ಹಬ್ಬದ ದಿನಗಳಲ್ಲಿ ಬಹುಪಾಲನ್ನು ಕತ್ತರಿಸಿದನು. ಬೆಳಗಾವಿಯ ಕ್ಯಾಂಪಿನಲ್ಲಿ 1869ರಲ್ಲಿ ಪ್ರತಿಷ್ಠೆಗೊಂಡ ಸಂತ ಮೇರಿ ದೇವಾಲಯದಲ್ಲಿ ದಂಡಿನವರು ಪುಸ್ತಕದ ಪ್ರಕಾರ ಹಬ್ಬಗಳನ್ನು ನಡೆಸುತ್ತಿದ್ದ ಕಾಲಕ್ಕೆ, ಹಳ್ಳಿಯ ಕ್ರೈಸ್ತರು ಬೇರೊಂದು ಪರಂಪರೆಯಲ್ಲಿ ಬೆಳೆಯುತ್ತಿದ್ದರು. ಸಭೆಯ ವರ್ಷ ನಮ್ಮಲ್ಲಿ ಮೊದಲು ಕಾಣಿಸಿಕೊಂಡಿದ್ದು ದಂಡಿನ ಬೀದಿಯಲ್ಲಿ. ಹೊಲದ ಬದುವಿಗೆ ಅದು ಬಂದದ್ದು ತಡವಾಗಿ, ಅದೂ ತುಂಡುತುಂಡಾಗಿ.

1947ರ ಸೆಪ್ಟೆಂಬರ್ 27ರಂದು ಮದರಾಸಿನಲ್ಲಿ ದಕ್ಷಿಣ ಭಾರತ ಸಭೆ ಉದಯಿಸಿದಾಗ ಆಂಗ್ಲಿಕನ್, ಮೆಥಡಿಸ್ಟ್, ಪ್ರೆಸ್ಬಿಟೀರಿಯನ್ ಮತ್ತು ಕಾಂಗ್ರಿಗೇಷನಲ್ ಪರಂಪರೆಗಳು ಒಂದೇ ಚಾವಣಿಯಡಿ ಬಂದವು. 1963ರಲ್ಲಿ ಪ್ರಕಟವಾದ ಅದರ ಆರಾಧನಾ ಪುಸ್ತಕದಲ್ಲಿ ಆಂಗ್ಲಿಕನರ ವರ್ಷಕ್ರಮ ಉಳಿಯಿತು, ಮೆಥಡಿಸ್ಟರ ಹೊಸವರ್ಷದ ಒಡಂಬಡಿಕೆಯ ಆರಾಧನೆಯೂ ಸೇರಿತು. ಇದು ಶ್ಲಾಘನೀಯ ಕೆಲಸ. ಯಾರ ಮನೆಯ ಪಾತ್ರೆಯನ್ನೂ ಹೊರಗೆಸೆಯದೆ ಅಡುಗೆಮನೆ ಒಂದಾದ ಹಾಗೆ. ಆದರೆ ಒಂದಾದ ಅಡುಗೆಮನೆಯಲ್ಲಿ ಯಾವ ಪಾತ್ರೆ ದಿನಬಳಕೆಗೆ ಬಂತು, ಯಾವುದು ಅಟ್ಟಕ್ಕೆ ಹೋಯಿತು ಎಂಬುದು ಬೇರೆ ಪ್ರಶ್ನೆ. ಇಂದು ನಮ್ಮ ಗ್ರಾಮಸಭೆಗಳಲ್ಲಿ ಉಳಿದಿರುವುದು ಕ್ರಿಸ್ಮಸ್, ಡಿಸೆಂಬರ್ 31ರ ರಾತ್ರಿಯ ಆರಾಧನೆ, ಗರಿಗಳ ರವಿವಾರ, ಶುಭ ಶುಕ್ರವಾರ, ಪುನರುತ್ಥಾನ ಮತ್ತು ಸುಗ್ಗಿಯ ಕೃತಜ್ಞತಾ ಹಬ್ಬ. ಇವುಗಳಲ್ಲಿ ಎರಡು 1662ರ ಪುಸ್ತಕದಲ್ಲಿ ಇಲ್ಲವೇ ಇಲ್ಲ: ವರ್ಷಾಂತ್ಯದ ಜಾಗರಣೆ ವೆಸ್ಲಿಯ ಬಳಗದಿಂದ ಬಂದದ್ದು, ಸುಗ್ಗಿಯ ಹಬ್ಬದ ವಿಷಯ ಮುಂದೆ ಬರುತ್ತದೆ.

ಸಭೆಯ ವರ್ಷವೆಂದರೆ ಪರದೇಶದ ಇಂಗ್ಲಿಷ್ ತಾರೀಖುಗಳ ಸರಣಿ ಎಂಬ ಆಕ್ಷೇಪಣೆಗೆ ಪುನರುತ್ಥಾನ ಹಬ್ಬವೊಂದೇ ಸಾಕಷ್ಟು ಉತ್ತರ. ಅದಕ್ಕೆ ತಾರೀಖಿಲ್ಲ, ತಿಥಿಯಿದೆ. ಮಾರ್ಚ್ 21ರಂದು ಅಥವಾ ಆಮೇಲೆ ಬರುವ ಹುಣ್ಣಿಮೆಯ ನಂತರದ ರವಿವಾರ ಆ ಹಬ್ಬ. ಆದ್ದರಿಂದ ಮಾರ್ಚ್ 22ರಿಂದ ಏಪ್ರಿಲ್ 25ರೊಳಗೆ ಎಲ್ಲಿಯಾದರೂ ಬೀಳುತ್ತದೆ. ಪುಸ್ತಕದ ಹುಣ್ಣಿಮೆ ಲೆಕ್ಕದ ಹುಣ್ಣಿಮೆಯಾದ್ದರಿಂದ ಆಕಾಶದ ಚಂದ್ರನಿಗೂ ಅದಕ್ಕೂ ಒಮ್ಮೊಮ್ಮೆ ದಿನದ ಅಂತರ ಬರುತ್ತದೆ. ನಮ್ಮ ಪಂಚಾಂಗಗಳಲ್ಲಿಯೂ ಇಂಥ ಜಗಳಗಳು ಹೊಸತಲ್ಲ. 2023ರಲ್ಲಿ ಶುಭ ಶುಕ್ರವಾರದ ಹಿಂದಿನ ಗುರುವಾರ, ಕರ್ತನು ಶಿಷ್ಯರ ಕಾಲುಗಳನ್ನು ತೊಳೆದ ರಾತ್ರಿಯ ಸ್ಮರಣೆ, ಏಪ್ರಿಲ್ 6ರಂದು ಬಂತು. ಅಂದೇ ನಮ್ಮ ದವನದ ಹುಣ್ಣಿಮೆ. 2024ರಲ್ಲಿ ಮಾರ್ಚ್ 25ರ ಹೋಳಿ ಹುಣ್ಣಿಮೆ ಮುಗಿದು ಬಂದ ರವಿವಾರ, ಮಾರ್ಚ್ 31, ಪುನರುತ್ಥಾನದ ಹಬ್ಬವಾಯಿತು. 2025ರಲ್ಲಿ ಮತ್ತೆ ದವನದ ಹುಣ್ಣಿಮೆಯ ಸರದಿ; ಹಬ್ಬ ಏಪ್ರಿಲ್ 20ಕ್ಕೆ. ಕಾರಹುಣ್ಣಿಮೆ, ಸೀಗಿ ಹುಣ್ಣಿಮೆ, ಹೊಸ್ತಲ ಹುಣ್ಣಿಮೆ ಎಂದು ವರ್ಷದ ಪ್ರತಿ ಹುಣ್ಣಿಮೆಗೂ ಹೆಸರಿಟ್ಟಿರುವ ಜನಕ್ಕೆ ಇದರಲ್ಲಿ ಪರಕೀಯವಾದದ್ದೇನಿದೆ? ಪಸ್ಕದ ರಾತ್ರಿ ಗೆತ್ಸೇಮನೆ ತೋಟದಲ್ಲಿ ಹುಣ್ಣಿಮೆಯ ಬೆಳದಿಂಗಳಿತ್ತು ಎಂಬುದನ್ನು ವಿದ್ಯುತ್ ದೀಪದ ನಗರದವನಿಗಿಂತ ನಮ್ಮ ಹಳ್ಳಿಯ ಅಜ್ಜಿಗೆ ತಿಳಿಸುವುದು ಸುಲಭ. ಹೀಗಿದ್ದೂ ನಾವು ಇಪ್ಪತ್ತೈದು ವರ್ಷಗಳ ಹಬ್ಬದ ತಾರೀಖುಗಳನ್ನು ಮಕ್ಕಳಿಗೆ ಕಂಠಪಾಠ ಮಾಡಿಸಬಲ್ಲೆವೇ ಹೊರತು, ಅಂಗಳಕ್ಕೆ ಕರೆದೊಯ್ದು ಚಂದ್ರನನ್ನು ತೋರಿಸಿದ್ದಿಲ್ಲ.

ಈಗ ಸುಗ್ಗಿಯ ಹಬ್ಬಕ್ಕೆ ಬರೋಣ. ವಿಮರ್ಶೆಯ ತಿರುಳು ಇಲ್ಲಿಯೇ ಇದೆ. ಇಂದು ನಾವು ಕಾಣುವ ರೂಪದಲ್ಲಿ ಈ ಹಬ್ಬವನ್ನು ಜನಪ್ರಿಯಗೊಳಿಸಿದವನು ಇಂಗ್ಲೆಂಡಿನ ಕಾರ್ನ್‌ವಾಲ್ ಕರಾವಳಿಯ ಮೊರ್ವೆನ್‌ಸ್ಟೋ ಎಂಬ ಗ್ರಾಮದ ಪಾಲಕ ರಾಬರ್ಟ್ ಸ್ಟೀಫನ್ ಹಾಕರ್. 1843ರ ಅಕ್ಟೋಬರ್ 1ರಂದು ತನ್ನ ಜನರನ್ನು ಕರೆದು ಹೊಸ ಗೋದಿಯ ರೊಟ್ಟಿಯಿಂದ ಕರ್ತನ ಭೋಜನ ನಡೆಸಿದನು. ಇಂಗ್ಲೆಂಡಿನಲ್ಲಿ ಆಗಷ್ಟ್, ಸೆಪ್ಟೆಂಬರಿಗೆ ಗೋದಿ ಕೊಯ್ದು ಮುಗಿದಿರುತ್ತದೆ. ಅಕ್ಟೋಬರಿನಲ್ಲಿ ಸ್ತೋತ್ರ ಸಲ್ಲಿಸುವುದು ಅಲ್ಲಿಗೆ ಸಹಜ. ಆ ಹಬ್ಬ ಹಡಗು ಹತ್ತಿ ಇಲ್ಲಿಗೆ ಬಂದಾಗ ಬಹಳ ಕಡೆ ಅದರ ತಿಂಗಳೂ ಜೊತೆಗೆ ಬಂತು. ಮುಂಗಾರಿನ ಬೆಳೆಯ ಸೀಮೆಗಳಲ್ಲಿ ಅದು ಹೇಗೋ ಹೊಂದಿಕೊಂಡಿತು. ಆದರೆ ಅಥಣಿಯ ಪೂರ್ವದ ಒಣಸೀಮೆಯಲ್ಲಿ ಅಕ್ಟೋಬರಿನ ಮೊದಲ ವಾರಕ್ಕೆ ಹೊಲದಲ್ಲಿ ಏನಿರುತ್ತದೆ? ಕಾಲುವೆಯ ನೀರು ಬಂದಲ್ಲಿ ಕಬ್ಬು ನಿಂತಿರುತ್ತದೆ, ಕಾರ್ಖಾನೆಗಳು ಇನ್ನೂ ಆರಂಭವಾಗಿರುವುದಿಲ್ಲ. ನೀರು ಬಾರದ ಎರೆಯಲ್ಲಿ ಹಿಂಗಾರಿ ಜೋಳದ ಬಿತ್ತನೆ ಆಗಷ್ಟೇ ನಡೆದಿರುತ್ತದೆ. ಮನೆಯ ಕಾಳನ್ನು ನೆಲಕ್ಕೆ ಹಾಕಿ, ಹಸ್ತ ಚಿತ್ತೆಯ ಮಳೆ ಬಂದೀತೋ ಬಾರದೋ ಎಂದು ಮೋಡ ನೋಡುತ್ತಿರುವ ರೈತನನ್ನು ದೇವಾಲಯಕ್ಕೆ ಕರೆದು, ಸುಗ್ಗಿಗಾಗಿ ಸ್ತೋತ್ರ ಮಾಡು ಎಂದು ಹೇಳಿದಂತಾಯಿತು. ಅವನು ಭಕ್ತಿಯಿಂದ ಪೇಟೆಯಲ್ಲಿ ಕೊಂಡ ಒಂದು ಕುಂಬಳಕಾಯಿಯನ್ನು ತಂದು ಪೀಠದ ಮುಂದೆ ಇಡುತ್ತಾನೆ. ಆರಾಧನೆಯ ನಂತರ ಅದನ್ನು ಹರಾಜಿನಲ್ಲಿ ಮತ್ತೊಬ್ಬನು ಕೊಳ್ಳುತ್ತಾನೆ. ಹರಾಜನ್ನು ನಾವು ಹೀಗಳೆಯುವುದಿಲ್ಲ. ನಗುವೂ ಸ್ಪರ್ಧೆಯೂ ಸೇರಿ ಸಭೆಯ ಬೊಕ್ಕಸಕ್ಕೆ ಒಂದಿಷ್ಟು ಹಣ ಬೀಳುವುದು ಅಂದೇ. ಆದರೆ ಅಲ್ಲಿ ಸುಗ್ಗಿ ಇಲ್ಲ.

ಎರೆಹೊಲದ ನಿಜವಾದ ಸುಗ್ಗಿ ಫೆಬ್ರವರಿ, ಮಾರ್ಚ್ ತಿಂಗಳಿನದು. ಜನವರಿಯಲ್ಲಿ ಹಾಲುಗಾಳು ತುಂಬಿ ಸೀತನಿಯ ಹೊಗೆ ಬದುವಿನಿಂದ ಏಳುತ್ತದೆ. ಆಮೇಲೆ ಕೊಯ್ಲು, ಕಣ, ರಾಶಿ. ಆಗ ಸಭೆಯ ಕ್ಯಾಲೆಂಡರಿನಲ್ಲಿ ಏನಿರುತ್ತದೆ? ಲೆಂಟ್. ಬೂದಿ ಬುಧವಾರ ಫೆಬ್ರವರಿ 4ಕ್ಕಿಂತ ಮುಂಚೆ ಬರುವುದಿಲ್ಲ, ಮಾರ್ಚ್ 10ಕ್ಕಿಂತ ತಡವಾಗುವುದಿಲ್ಲ. ವರ್ಷದಲ್ಲಿ ಕಣಜ ತುಂಬುವ ಒಂದೇ ಹೊತ್ತಿನಲ್ಲಿ ಉಪವಾಸ ಮಾಡಲು ನಮಗೆ ಹೇಳಲಾಗಿದೆ. ಮೇಲುನೋಟಕ್ಕೆ ಇದು ಸಭೆಯ ವರ್ಷ ಪರನೆಲದ್ದೆಂಬುದಕ್ಕೆ ಖಚಿತವಾದ ಸಾಕ್ಷಿಯಂತೆ ಕಾಣುತ್ತದೆ.

ಆದರೆ ಇಂಗ್ಲೆಂಡನ್ನು ದಾಟಿ ಇನ್ನೂ ಹಿಂದಕ್ಕೆ, ಈ ವರ್ಷ ಹುಟ್ಟಿದ ನೆಲಕ್ಕೆ ಹೋದರೆ ಚಿತ್ರವೇ ಬದಲಾಗುತ್ತದೆ. ಇಸ್ರಾಯೇಲರ ನಾಡಿನಲ್ಲಿ ಅಕ್ಟೋಬರ್, ನವೆಂಬರಿನ ಮಳೆಗೆ ಬಿತ್ತುತ್ತಿದ್ದರು. ಚಳಿಗಾಲದಲ್ಲಿ ಬೆಳೆ ಬೆಳೆಯುತ್ತಿತ್ತು. ಪಸ್ಕದ ಹೊತ್ತಿಗೆ ಜವೆಗೋದಿ ಕೊಯ್ಲಿಗೆ ಬರುತ್ತಿತ್ತು, ಅದಾಗಿ ಐವತ್ತು ದಿನಗಳೊಳಗೆ ಗೋದಿ. ಯಾಜಕಕಾಂಡದ 23ನೆಯ ಅಧ್ಯಾಯದಲ್ಲಿ ಹೇಳಿದ ಮೊದಲ ಸಿವುಡಿನ ಕಾಣಿಕೆ ಪಸ್ಕಕ್ಕೆ ಅಂಟಿಕೊಂಡ ವಿಧಿ. ಪಂಚಾಶತ್ತಮ ಸುಗ್ಗಿ ಮುಗಿದ ಹಬ್ಬ. ಅಂದರೆ ಬೈಬಲಿನ ಬೇಸಾಯ ಇಂಗ್ಲೆಂಡಿನ ಬೇಸಾಯದಂತಿಲ್ಲ, ನಮ್ಮ ಹಿಂಗಾರಿ ಬೇಸಾಯದಂತಿದೆ. ಮಳೆಗಾಲದ ಕೊನೆಯಲ್ಲಿ ಬಿತ್ತಿ, ನೆಲದ ಹಸಿಯನ್ನೂ ಚಳಿಗಾಲದ ಇಬ್ಬನಿಯನ್ನೂ ನಂಬಿ, ಬಿಸಿಲು ಏರುವ ಮುಂಚೆ ಕೊಯ್ಯುವ ಬಿಳಿಜೋಳದ ಲೆಕ್ಕವೇ ಅದು. ಈ ಹೋಲಿಕೆಯನ್ನು ನಾವು ಕಾಣದೆ ಹೋದದ್ದಕ್ಕೆ ನಮ್ಮ ಭಾಷಾಂತರವೂ ಸ್ವಲ್ಪಮಟ್ಟಿಗೆ ಕಾರಣ. ಧರ್ಮೋಪದೇಶಕಾಂಡದ ಮೊದಲ ಮಳೆ ಮತ್ತು ಕಡೆಯ ಮಳೆಗಳಿಗೆ ಕನ್ನಡ ಬೈಬಲು ಮುಂಗಾರು, ಹಿಂಗಾರು ಎಂಬ ಸುಂದರವಾದ ಪದಗಳನ್ನು ಬಳಸಿದೆ. ಕಿವಿಗೆ ಅವು ಸರಿಯೇ. ಆದರೆ ಅಲ್ಲಿನ ಮೊದಲ ಮಳೆ ಬೀಳುವುದು ನಮ್ಮ ಹಿಂಗಾರಿನ ತಿಂಗಳಲ್ಲಿ. ಅಲ್ಲಿನ ಕಡೆಯ ಮಳೆ ಬೀಳುವುದು ನಾವು ರಾಶಿ ಮಾಡುವ ಮಾರ್ಚ್, ಏಪ್ರಿಲಿನಲ್ಲಿ. ಪದ ನಮ್ಮದಾಯಿತು, ತಿಂಗಳು ಮರೆಯಾಯಿತು. ಭಾಷಾಂತರಕಾರರನ್ನು ದೂರುವುದಕ್ಕಾಗಿ ಈ ಮಾತನ್ನು ಹೇಳುತ್ತಿಲ್ಲ. ಯೋಸೇಫನ ಕನಸಿನಲ್ಲಿ ಸಿವುಡು ಎಂಬ ನಮ್ಮ ಹೊಲದ ಪದವನ್ನೇ ಇಟ್ಟವರೂ ಅವರೇ.

ಇದನ್ನು ಮನಸ್ಸಿನಲ್ಲಿಟ್ಟು ಕೊರಿಂಥದವರಿಗೆ ಬರೆದ ಮೊದಲನೆಯ ಪತ್ರಿಕೆಯ 15ನೆಯ ಅಧ್ಯಾಯವನ್ನು ಓದಬೇಕು. ಅಲ್ಲಿ ಪೌಲನು ಎದ್ದುಬಂದ ಕ್ರಿಸ್ತನನ್ನು ಪ್ರಥಮಫಲವೆಂದು ಕರೆಯುತ್ತಾನೆ. ಹೊಲದಿಂದ ಮೊದಲ ಸಿವುಡು ಬಂದ ದಿನಗಳಲ್ಲೇ ಸಮಾಧಿಯಿಂದ ಮೊದಲನೆಯವನು ಬಂದನು ಎಂಬ ಅರ್ಥ ಆ ಪದದೊಳಗಿದೆ. ಇಂಗ್ಲೆಂಡಿನ ರೈತನಿಗೆ ಪುನರುತ್ಥಾನ ಹಬ್ಬದ ಹೊತ್ತಿಗೆ ಹೊಲದಲ್ಲಿ ಬರಿಯ ಹಸಿರು ಮೊಳಕೆ. ಅವನು ಪ್ರಥಮಫಲವನ್ನು ಕಲ್ಪಿಸಿಕೊಳ್ಳಬೇಕು. ಕೊಕಟನೂರಿನ ರೈತನಿಗೆ ಅದು ಕಣದಲ್ಲಿ ಬಿದ್ದಿರುತ್ತದೆ. ಸುಗ್ಗಿಯ ಸ್ತೋತ್ರ ಇಲ್ಲಿ ನಿಲ್ಲಬೇಕಾದದ್ದು ಪುನರುತ್ಥಾನ ರವಿವಾರದ ಆಸುಪಾಸಿನಲ್ಲಿ. ಅಕ್ಟೋಬರಿನಲ್ಲಿ ಬೇಕಾದದ್ದು ಬೀಜವನ್ನು ಆಶೀರ್ವದಿಸುವ ಒಂದು ಸಣ್ಣ ಪ್ರಾರ್ಥನೆ. ಇನ್ನು ತುಂಬಿದ ಕಣಜದ ಎದುರು ಲೆಂಟಿನ ಉಪವಾಸವೇಕೆಂಬ ಪ್ರಶ್ನೆ. ಹೊಟ್ಟೆಗಿಲ್ಲದ ತಿಂಗಳಲ್ಲಿ ಉಪವಾಸ ಮಾಡುವುದರಲ್ಲಿ ಏನೂ ಹೆಚ್ಚುಗಾರಿಕೆಯಿಲ್ಲ. ಯೆಶಾಯನ 58ನೆಯ ಅಧ್ಯಾಯ ಉಪವಾಸವೆಂದರೆ ಹಸಿದವನಿಗೆ ಅನ್ನವನ್ನು ಹಂಚುವುದೆಂದು ಬಗೆದಿದೆ. ಹಂಚಲು ಕಾಳಿರುವುದು ಈ ನಲವತ್ತು ದಿನಗಳಲ್ಲೇ. ರಾಶಿಯ ಹೊತ್ತಿಗೆ ಕಣಕ್ಕೆ ಬಂದವರನ್ನು ಬರಿಗೈಯಲ್ಲಿ ಕಳಿಸಬಾರದೆಂಬುದು ನಮ್ಮ ಹಿರಿಯರು ಪಾಲಿಸಿಕೊಂಡು ಬಂದ ಪದ್ಧತಿ. ಲೆಂಟ್ ಅದನ್ನು ಹೊಸದಾಗಿ ಕಲಿಸಬೇಕಾಗಿಲ್ಲ. ಅದರ ಮೇಲೆ ಕ್ರಿಸ್ತನ ಹೆಸರನ್ನು ಇಟ್ಟರೆ ಸಾಕು.

ನಾವು ಅಟ್ಟಕ್ಕೆ ಹಾಕಿದ ಪಾತ್ರೆಗಳಲ್ಲಿ ಅತ್ಯಂತ ಬೆಲೆಯುಳ್ಳದ್ದು ಸ್ವರ್ಗಾರೋಹಣಕ್ಕೆ ಮುಂಚಿನ ಆ ಮೂರು ದಿನಗಳು. ಇಂಗ್ಲಿಷಿನಲ್ಲಿ ಇವಕ್ಕೆ ರೊಗೇಷನ್ ದಿನಗಳೆನ್ನುತ್ತಾರೆ. ಬೇಡಿಕೊಳ್ಳುವುದು ಎಂಬ ಅರ್ಥದ ಲ್ಯಾಟಿನ್ ಮಾತಿನಿಂದ ಬಂದದ್ದು. ನಾವು ಬಿನ್ನಹದ ದಿನಗಳೆಂದು ಕರೆಯೋಣ. ಐದನೆಯ ಶತಮಾನದಲ್ಲಿ, ಸುಮಾರು 470ರ ಹೊತ್ತಿಗೆ, ಇಂದಿನ ಫ್ರಾನ್ಸಿನ ವಿಯೆನ್ ಪಟ್ಟಣದ ಬಿಷಪ್ ಮಮೆರ್ತುಸ್ ವಿಪತ್ತುಗಳಿಂದ ಕಂಗೆಟ್ಟ ತನ್ನ ಜನರನ್ನು ಕರೆದುಕೊಂಡು ಉಪವಾಸವಿದ್ದು ಮೆರವಣಿಗೆಯಲ್ಲಿ ಬಿನ್ನೈಸಿಕೊಂಡದ್ದು ಇದರ ಮೂಲ. ಮುಂದೆ ಇಂಗ್ಲೆಂಡಿನ ಹಳ್ಳಿಗಳಲ್ಲಿ ಪಾಲಕರೂ ಜನರೂ ಊರಿನ ಎಲ್ಲೆಯನ್ನು ಸುತ್ತಿ, ಬೆಳೆಯ ನಡುವೆ ನಿಂತು ಪ್ರಾರ್ಥಿಸುವ ರೂಢಿಯಾಯಿತು. ಈ ದಿನಗಳು ನಮ್ಮಲ್ಲಿ ಯಾವಾಗ ಬರುತ್ತವೆ? ಸ್ವರ್ಗಾರೋಹಣದ ಗುರುವಾರ ಏಪ್ರಿಲ್ 30ಕ್ಕಿಂತ ಮುಂಚೆಯೂ ಜೂನ್ 3ಕ್ಕಿಂತ ತಡವಾಗಿಯೂ ಬೀಳುವುದಿಲ್ಲ. ಮಿರ್ಗದ ಮಳೆ ಕೂಡುವುದು ಜೂನ್ 7 ಅಥವಾ 8ಕ್ಕೆ. ಆದ್ದರಿಂದ ಯಾವ ವರ್ಷವಾದರೂ ಬಿನ್ನಹದ ಮೂರು ದಿನಗಳು ಮಿರ್ಗಕ್ಕೆ ಮುಂಚೆಯೇ ಬರುತ್ತವೆ. ಒಂದು ವರ್ಷವೂ ತಪ್ಪುವುದಿಲ್ಲ. ಎರೆ ಬಿರುಕು ಬಿಟ್ಟು, ಹರಗಿದ ಹೊಲ ಬಾಯ್ತೆರೆದು, ಕೆರೆಯ ತಳ ಕಾಣುವ ಹೊತ್ತು ಅದು. ನಮ್ಮ ಈ ನೆಲಕ್ಕಾಗಿಯೇ ಯಾರೋ ಲೆಕ್ಕ ಹಾಕಿ ಇಟ್ಟಂತಿರುವ ಈ ದಿನಗಳನ್ನು ಗುರುತಿಸುವವರೇ ಇಲ್ಲ. ಕೆಲವು ಕಡೆ ಒಂದು ರವಿವಾರದ ಹೆಸರಾಗಿ ಉಳಿದಿರಬಹುದು. ಹೊಲಕ್ಕೆ ಹೋಗುವವರು ಕಾಣರು.

ಮಳೆ ಹೋದಾಗ ನೆರೆಮನೆಯ ಮಕ್ಕಳು ಗುರ್ಜಿ ಹೊತ್ತು ಮನೆಮನೆಗೆ ಬಂದು ನೀರು ಹೊಯ್ಯಿಸಿಕೊಳ್ಳುತ್ತಾರೆ. ಊರ ಗುಡಿಯಲ್ಲಿ ಭಜನೆ ನಡೆಯುತ್ತದೆ. ಆಗ ಕ್ರೈಸ್ತ ಕುಟುಂಬ ಬಾಗಿಲಲ್ಲಿ ನಿಂತು ನೋಡುತ್ತದೆ. ಮನೆಯೊಳಗೆ ಪ್ರಾರ್ಥನೆ ಇಲ್ಲವೆಂದಲ್ಲ. ಊರಿನ ಜೊತೆ ಊರಿಗಾಗಿ, ಬಯಲಿನಲ್ಲಿ ಮಾಡುವ ಪ್ರಾರ್ಥನೆ ಇಲ್ಲ. ಮಳೆಗಾಗಿ ಒಂದು ಪ್ರಾರ್ಥನೆ, ಅತಿವೃಷ್ಟಿ ನಿಲ್ಲಲು ಒಂದು, ಬರ ಮತ್ತು ಕ್ಷಾಮದ ಕಾಲಕ್ಕೆ ಒಂದು, ಮಳೆ ಬಂದಾಗ ಸಲ್ಲಿಸಬೇಕಾದ ಸ್ತೋತ್ರ ಇವೆಲ್ಲ 1662ರ ಪುಸ್ತಕದಲ್ಲಿವೆ. 1876ರಿಂದ 1878ರವರೆಗಿನ ಮಹಾಕ್ಷಾಮದಲ್ಲಿ ಬೆಳಗಾವಿ ಜಿಲ್ಲೆ ಬೆಂದಿತು. 2005ರಲ್ಲಿಯೂ 2019ರಲ್ಲಿಯೂ ಕೃಷ್ಣೆ ದಡ ಮೀರಿ ಚಿಕ್ಕೋಡಿ, ಅಥಣಿಯ ಹಳ್ಳಿಗಳನ್ನು ನುಂಗಿದಳು. ಒಂದೇ ತಾಲೂಕಿನ ಒಂದು ಅಂಚು ಮುಳುಗುವಾಗ ಇನ್ನೊಂದು ಅಂಚು ಕುಡಿಯುವ ನೀರಿನ ಟ್ಯಾಂಕರಿಗೆ ಕಾಯುವ ಸೀಮೆ ನಮ್ಮದು. ಇಂಥ ನೆಲದ ಸಭೆ ಹಬ್ಬಗಳನ್ನು ಉಳಿಸಿಕೊಂಡು ಬೇಡುವ ದಿನಗಳನ್ನು ಕಳೆದುಕೊಂಡದ್ದೇ ಅದರ ವರ್ಷದ ದೊಡ್ಡ ಕೊರತೆ.

ಖಾಲಿಯಾದ ಜಾಗವನ್ನು ಈಗ ವಿಶೇಷ ರವಿವಾರಗಳು ತುಂಬಿಕೊಂಡಿವೆ. ಶಿಕ್ಷಣದ ರವಿವಾರ, ಯುವಜನರ ರವಿವಾರ, ಸ್ತ್ರೀಯರ ರವಿವಾರ, ಪರಿಸರದ ರವಿವಾರ. ಒಂದೊಂದೂ ಒಳ್ಳೆಯ ವಿಷಯವೇ. ಆದರೆ ವಿಷಯ ಬೇರೆ, ಕಾಲ ಬೇರೆ. ಕಾಲ ತಾನಾಗಿ ಬರುತ್ತದೆ, ವಿಷಯವನ್ನು ಸಮಿತಿ ಗೊತ್ತುಪಡಿಸುತ್ತದೆ. ಇವುಗಳ ಸಂಖ್ಯೆ ಬೆಳೆದಷ್ಟೂ ಸಭೆಯ ವರ್ಷ ಕಚೇರಿಯ ಸೂಚನಾಫಲಕವನ್ನು ಹೋಲತೊಡಗುತ್ತದೆ. ಪರಿಸರದ ರವಿವಾರ ಜೂನ್ ತಿಂಗಳಿನಲ್ಲಿ ಬರುತ್ತದೆ. ಅದಕ್ಕೂ ಮುಂಚೆಯೇ ಬಿನ್ನಹದ ದಿನಗಳು ಯಾರೂ ಕಾಣದಂತೆ ಕಳೆದುಹೋಗಿರುತ್ತವೆ. ಒಂದು ಸಸಿ ನೆಟ್ಟು ಫೋಟೋ ತೆಗೆಸಿಕೊಳ್ಳುವುದಕ್ಕಿಂತ ಹೊಲದ ಬದುವಿನಲ್ಲಿ ಮೊಣಕಾಲೂರುವುದು ಹಳೆಯದೂ ಹೌದು, ಕಷ್ಟದ್ದೂ ಹೌದು.

ಭಕ್ತರ ದಿನಗಳ ವಿಷಯದಲ್ಲಿ ಪುಸ್ತಕದ ಕೊರತೆಗಳನ್ನೂ ಮುಚ್ಚಿಡಬಾರದು. ಭಾರತಕ್ಕೆ ಬಂದನೆಂದು ನಾವು ನಂಬಿಕೊಂಡು ಬಂದಿರುವ ತೋಮನಿಗೆ ಅದು ಕೊಟ್ಟ ದಿನ ಡಿಸೆಂಬರ್ 21. ಕ್ರಿಸ್ಮಸ್ ಸಿದ್ಧತೆಯ ಗದ್ದಲದಲ್ಲಿ ಅವನನ್ನು ನೆನೆಯುವವರಿಲ್ಲ. ಕೇರಳದ ಸುರಿಯಾನಿ ಕ್ರೈಸ್ತರು ಜುಲೈ 3ನ್ನು ಬಿಡದೆ ಹಿಡಿದುಕೊಂಡರು. ಕಡೆಗೆ ರೋಮ್ ಸಭೆಯೂ ಇಂಗ್ಲೆಂಡಿನ ಸಭೆಯೂ ಅದೇ ದಿನಕ್ಕೆ ಬಂದವು. ನೆಲದ ನೆನಪು ಪುಸ್ತಕವನ್ನು ತಿದ್ದಿದ್ದಕ್ಕೆ ಇದಕ್ಕಿಂತ ಒಳ್ಳೆಯ ಉದಾಹರಣೆ ಬೇಕಿಲ್ಲ. ಇನ್ನೊಂದು ಕೊರತೆ ಇದಕ್ಕಿಂತ ಗಂಭೀರವಾದದ್ದು. ಸ್ವಂತ ಪ್ರಾರ್ಥನೆಯುಳ್ಳ ಭಕ್ತರ ದಿನಗಳಲ್ಲಿ ಕರ್ತನ ತಾಯಿಯನ್ನು ಬಿಟ್ಟರೆ ಹೆಸರಿರುವ ಸ್ತ್ರೀ ಒಬ್ಬಳೂ ಇಲ್ಲ. 1549ರ ಮೊದಲ ಪುಸ್ತಕದಲ್ಲಿ ಜುಲೈ 22 ಮಗ್ದಲದ ಮರಿಯಳ ಹಬ್ಬವಾಗಿತ್ತು. 1552ರಲ್ಲಿ ಅದನ್ನು ತೆಗೆದರು. 1662ರ ಪಟ್ಟಿಯಲ್ಲಿ ಅವಳಿರುವುದು ಪ್ರಾರ್ಥನೆಯಿಲ್ಲದ ಬರಿಯ ಹೆಸರಾಗಿ. ಆರನೆಯ ಶತಮಾನದ ಕೊನೆಯಲ್ಲಿ ಪೋಪ್ ಗ್ರೆಗೊರಿ ಒಂದು ಪ್ರಸಂಗದಲ್ಲಿ ಇವಳನ್ನು ಲೂಕನ 7ನೆಯ ಅಧ್ಯಾಯದ ಪಾಪಿಯಾದ ಸ್ತ್ರೀಯೊಂದಿಗೆ ಒಂದು ಮಾಡಿದ ಮೇಲೆ, ಸುವಾರ್ತೆಗಳಲ್ಲಿ ಇಲ್ಲದ ಹೆಸರೊಂದು ಅವಳಿಗೆ ಅಂಟಿಕೊಂಡಿತು. ಎದ್ದುಬಂದ ಕರ್ತನನ್ನು ಮೊದಲು ಕಂಡು ಶಿಷ್ಯರಿಗೆ ಸುದ್ದಿ ಮುಟ್ಟಿಸಿದವಳಿಗೆ ಸಭೆ ಕೊಟ್ಟ ಸ್ಥಾನ ಇದು.

ಹೆಣ್ಣಿಗೆ ಅಂಟಿಸಿದ ಹೆಸರು ಜೀವಮಾನವಿಡೀ ಬಿಡದೆಂಬುದನ್ನು ಅಥಣಿಯ ಸೀಮೆಗೆ ಯಾರೂ ವಿವರಿಸಬೇಕಾಗಿಲ್ಲ. ಡಿಸೆಂಬರ್ ಹೊತ್ತಿಗೆ, ನಮ್ಮ ಆಗಮನ ಕಾಲದ ಆಸುಪಾಸಿನಲ್ಲೇ, ಕೊಕಟನೂರಿನಲ್ಲಿ ಯಲ್ಲಮ್ಮನ ಜಾತ್ರೆ ಸೇರುತ್ತದೆ. ದೂರದಿಂದ ನಡೆದು ಬರುವವರ ಭಕ್ತಿಯನ್ನು ತೂಗುವುದು ನಮ್ಮ ಕೆಲಸವಲ್ಲ. ಆದರೆ ಅದರ ನೆರಳಿನಲ್ಲಿ ಬಡವರ ಹೆಣ್ಣುಮಕ್ಕಳಿಗೆ ಮುತ್ತು ಕಟ್ಟುತ್ತಿದ್ದ ಪದ್ಧತಿಯನ್ನು ಮುಂಬಯಿ ಸರ್ಕಾರ 1934ರಲ್ಲಿ ಕಾನೂನಿನಿಂದ ತಡೆಯಬೇಕಾಯಿತು, ಕರ್ನಾಟಕ 1982ರಲ್ಲಿ ಮತ್ತೊಮ್ಮೆ ಕಾಯ್ದೆ ಮಾಡಬೇಕಾಯಿತು. ಹಾಗೆ ಕೊಡಲ್ಪಟ್ಟವರು ತಾವಾಗಿ ಆರಿಸಿಕೊಂಡವರಲ್ಲ, ಬಹುಪಾಲು ಮಕ್ಕಳು. ಅವರಲ್ಲಿ ಬದುಕಿ ಮುಪ್ಪಾದವರು ನಮ್ಮ ಊರುಗಳಲ್ಲೇ ಇದ್ದಾರೆ.

ಮಕ್ಕಳ ದಿನವೊಂದು ಪುಸ್ತಕದಲ್ಲಿದೆ. ಕ್ರಿಸ್ಮಸ್ ಆಗಿ ಮೂರನೆಯ ದಿನ, ಡಿಸೆಂಬರ್ 28, ಹೆರೋದನು ಕೊಲ್ಲಿಸಿದ ಬೆತ್ಲೆಹೇಮಿನ ಕೂಸುಗಳ ಸ್ಮರಣೆ. ಹಬ್ಬದ ದೀಪಗಳು ಇನ್ನೂ ಉರಿಯುತ್ತಿರುವಾಗ ಈ ದಿನವನ್ನು ಇಟ್ಟವರು ಕ್ರಿಸ್ಮಸ್ಸಿನ ಅರ್ಥವನ್ನು ನಮಗಿಂತ ಚೆನ್ನಾಗಿ ಬಲ್ಲವರು. ನಮ್ಮ ಸಭೆಗಳಲ್ಲಿ ಅಂದು ದೇವಾಲಯದ ಬಾಗಿಲು ತೆರೆಯುವುದಿಲ್ಲ. ಕೇಕು ಹಂಚಿ ದಣಿದವರು, ಊರಿಗೆ ಮರಳುವವರು, ಮೂರು ದಿನ ಕಳೆದರೆ ವರ್ಷಾಂತ್ಯದ ಆರಾಧನೆಯ ಸಿದ್ಧತೆ. ಅಂದು ಓದಬೇಕಾದ ಸುವಾರ್ತೆ ಮತ್ತಾಯನ 2ನೆಯ ಅಧ್ಯಾಯದ 13ರಿಂದ 18ನೆಯ ವಚನಗಳು. ತಾಯಂದಿರ ಗೋಳು ಅದರ ಕೊನೆಯಲ್ಲಿದೆ. ಮೊದಲಲ್ಲಿರುವುದು ರಾತ್ರಿಯಲ್ಲೇ ಎದ್ದು ಕೂಸನ್ನೂ ತಾಯಿಯನ್ನೂ ಕರೆದುಕೊಂಡು ಐಗುಪ್ತಕ್ಕೆ ಹೊರಡುವ ಯೋಸೇಫ. ಡಿಸೆಂಬರ್ ತಿಂಗಳಿನಲ್ಲಿ ಒಣಸೀಮೆಯ ಎಷ್ಟೋ ಕುಟುಂಬಗಳು ಕಬ್ಬಿನ ಗ್ಯಾಂಗಿನೊಂದಿಗೆ ಊರು ಬಿಟ್ಟು, ಕಾರ್ಖಾನೆಯ ಸೀಮೆಯಲ್ಲಿ ಹೊಲದಂಚಿನ ಗುಡಿಸಲುಗಳಲ್ಲಿರುತ್ತವೆ. ತಾಯಿ ಕಬ್ಬು ಕಡಿಯುವಾಗ ಕೂಸು ರವದಿಯ ಮೇಲೆ ಮಲಗಿರುತ್ತದೆ. ಅವರು ರವಿವಾರದ ಆರಾಧನೆಗೆ ಬರುವುದಿಲ್ಲ. ಡಿಸೆಂಬರ್ 28 ಬಹುತೇಕ ವರ್ಷಗಳಲ್ಲಿ ವಾರದ ನಡುವಿನ ದಿನವೇ ಆಗಿರುತ್ತದೆ. ಆ ಸಂಜೆ ಪುಸ್ತಕವನ್ನು ಕೈಯಲ್ಲಿ ಹಿಡಿದು ಸಭಾಪಾಲಕರೂ ಇಬ್ಬರು ಹಿರಿಯರೂ ಆ ಗುಡಿಸಲುಗಳ ಬಳಿ ಹೋಗಿ, ಒಂದು ಕಂದೀಲಿನ ಬೆಳಕಿನಲ್ಲಿ ಈ ಆರು ವಚನಗಳನ್ನು ಓದಿ ಬರಲು ಸಾಧ್ಯವಿದೆ.